ಬೆಳಕಿನ ರೂವಾರಿ ಬಿ. ಎಸ್. ರಂಗಾ

ಶ್ರೀಮದ್ರಾಮಾಯಣದ ಸುಂದರಕಾಂಡದಲ್ಲಿ ಸಿಂಹಿಕೆಯೆಂಬ ರಕ್ಕಸಿಯ ಪ್ರಸಂಗ ಬರುತ್ತದೆ. ಕಡಲ ಮೇಲೆ ಹಾರಿಹೋಗುವ ಜೀವಿಗಳ ನೆರಳನ್ನು ಹಿಡಿದು, ಆ ನೆರಳಿನ ಮೂಲಕವೇ ಅವುಗಳನ್ನು ತನ್ನತ್ತ ಸೆಳೆದು ಕಬಳಿಸುವುದು ಅವಳ ವೃತ್ತಿ. ಸಾಗರೋಲ್ಲಂಘನಕ್ಕೆ ಹೊರಟ ಹನುಮಂತನಿಗೂ ಅವಳಿಂದ ಕ್ಷಣಕಾಲ ತಡೆಯುಂಟಾಯಿತು. ಕ್ಯಾಮೆರಾ ಎಂಬ ಯಂತ್ರ ಈ ದೇಶಕ್ಕೆ ಬಂದ ಮೇಲೆ ಅದನ್ನು ನಡೆಸುವವನಿಗೆ ಛಾಯಾಗ್ರಾಹಕನೆಂದು ಹೆಸರಿಟ್ಟವರು ಈ ರಕ್ಕಸಿಯನ್ನು ನೆನೆದಿರಲಾರರು. ಆದರೂ ಪದ ಅನ್ವರ್ಥವಾಗಿದೆ. ನೆರಳನ್ನು ಹಿಡಿದು ಮನುಷ್ಯನನ್ನೇ ಸೆಳೆಯುವ ವಿದ್ಯೆ ಅವನದು. ಸಿಂಹಿಕೆಗೆ ಇಲ್ಲದ ಒಂದು ಗುಣ ಮಾತ್ರ ಅವನಲ್ಲಿದೆ, ಹಿಡಿದುದನ್ನು ಅವನು ನುಂಗದೆ ಲೋಕಕ್ಕೆ ಹಿಂದಿರುಗಿಸುತ್ತಾನೆ.

ಇಷ್ಟಾದರೂ ಚಿತ್ರಮಂದಿರಕ್ಕೆ ಹೋಗುವ ಜನ ನಾಯಕನ ಹೆಸರನ್ನು ಕೇಳಿ ಹೋಗುತ್ತಾರೆ. ಹಾಡು ಮೆಚ್ಚಿಕೆಯಾದರೆ ಗಾಯಕನ ಹೆಸರನ್ನು ನೆನಪಿನಲ್ಲಿಡುತ್ತಾರೆ. ನೆರಳು ಬೆಳಕುಗಳನ್ನು ಹದಗೊಳಿಸಿದವನ ಹೆಸರು ಪರದೆಯ ಮೇಲೆ ಹಾದುಹೋಗುವಾಗ ಸಭಿಕರು ಇನ್ನೂ ಆಸನ ಹುಡುಕುತ್ತಿರುತ್ತಾರೆ. ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ 1969ನೆಯ ಸಾಲಿನಿಂದ ನಡೆದುಬಂದಿದ್ದರೂ ಒಬ್ಬ ಛಾಯಾಗ್ರಾಹಕನಿಗೆ ಅದು ಸಲ್ಲಬೇಕಾದರೆ 2008ನೆಯ ಸಾಲಿನವರೆಗೆ ಕಾಯಬೇಕಾಯಿತು. ಸಂದದ್ದು ಮೈಸೂರಿನ ವಿ. ಕೆ. ಮೂರ್ತಿ ಅವರಿಗೆ ಎಂಬುದು ಕನ್ನಡಿಗರ ಭಾಗ್ಯ. ಆ ಭಾಗ್ಯವೂ ಇಲ್ಲದೆ, ಸಾಮಾನ್ಯ ಜ್ಞಾನದ ಪರೀಕ್ಷೆಯ ಒಂದಂಕದ ಉತ್ತರವಾಗಿ ಉಳಿದಿರುವವರು ಬಿ. ಎಸ್. ರಂಗಾ. ಕನ್ನಡದ ಮೊದಲ ಸಂಪೂರ್ಣ ವರ್ಣಚಿತ್ರ ಯಾವುದು ಎಂದು ಕೇಳಿದರೆ ‘ಅಮರಶಿಲ್ಪಿ ಜಕಣಾಚಾರಿ’ ಎಂದು ಬಾಲಕರು ಥಟ್ಟನೆ ಹೇಳುತ್ತಾರೆ. ಅದನ್ನು ಮಾಡಿದವರು ಯಾರು ಎಂದು ಕೇಳಿದರೆ ಅಧ್ಯಾಪಕರಲ್ಲಿಯೂ ಅರ್ಧದಷ್ಟು ಮಂದಿ ಸುಮ್ಮನಾಗುತ್ತಾರೆ. ಈ ಮರವೆ ಎಲ್ಲೆಡೆ ಅನುಚಿತ, ಬಳ್ಳಾರಿಯಲ್ಲಂತೂ ಅಕ್ಷಮ್ಯ.

ರಂಗಾ ಅವರು ಬಳ್ಳಾರಿಯವರಲ್ಲ. ಬಿಂಡಿಗನವಿಲೆ ಶ್ರೀನಿವಾಸ ಅಯ್ಯಂಗಾರ್ ರಂಗಾ ಎಂಬ ಪೂರ್ಣನಾಮದ ಅವರು 1917ರಲ್ಲಿ ಬೆಂಗಳೂರಿನ ಸಮೀಪದ ಮಾಗಡಿಯಲ್ಲಿ ಜನಿಸಿದರು. ಮೊದಲು ಕೈಗೆ ಹತ್ತಿದ್ದು ಸ್ಥಿರಚಿತ್ರದ ಕ್ಯಾಮೆರಾ. ಅಲ್ಲಿಂದ ಚಲಚ್ಚಿತ್ರದ ಛಾಯಾಗ್ರಹಣ, ಛಾಯಾಗ್ರಹಣದಿಂದ ನಿರ್ದೇಶನ, ನಿರ್ದೇಶನದೊಡನೆಯೇ ವಿಕ್ರಮ್ ಪ್ರೊಡಕ್ಷನ್ಸ್ ಎಂಬ ಹೆಸರಿನಲ್ಲಿ ನಿರ್ಮಾಣ, ಮದರಾಸಿನಲ್ಲಿ ವಿಕ್ರಮ್ ಸ್ಟುಡಿಯೋ, ಕಡೆಗೆ ಬೆಂಗಳೂರಿನಲ್ಲಿ ವಸಂತ್ ಕಲರ್ ಲ್ಯಾಬೊರೇಟರಿ. 2010ರ ಡಿಸೆಂಬರಿನಲ್ಲಿ 93ನೆಯ ವಯಸ್ಸಿನಲ್ಲಿ ಅವರು ತೀರಿಕೊಂಡರು. ಕನ್ನಡ, ತೆಲುಗು, ತಮಿಳು ಮೂರು ಭಾಷೆಗಳಲ್ಲಿಯೂ ಅವರ ಚಿತ್ರಗಳಿವೆ. 1954ರ ‘ಮಾ ಗೋಪಿ’ ತೆಲುಗಿನದು. 1956ರ ‘ಭಕ್ತ ಮಾರ್ಕಂಡೇಯ’ ಕನ್ನಡಕ್ಕೂ ಬಂತು. 1959ರ ‘ಮಹಿಷಾಸುರ ಮರ್ದಿನಿ’ಯಲ್ಲಿ ರಾಜಕುಮಾರ್ ಅವರು ಮಹಿಷನಾಗಿ ಗರ್ಜಿಸಿದರು, ಆ ಚಿತ್ರ ಹಲವು ಭಾಷೆಗಳ ಮಾತು ತೊಟ್ಟು ದೇಶದಲ್ಲೆಲ್ಲ ಸಂಚರಿಸಿತು. 1960ರ ‘ದಶಾವತಾರ’ಕ್ಕೆ ಅವರು ನಿರ್ಮಾಪಕರು, ನಿರ್ದೇಶನ ಪಿ. ಜಿ. ಮೋಹನ್ ಅವರದು. 1964ರ ‘ಪ್ರತಿಜ್ಞೆ’ಯಲ್ಲಿ ರಾಜಕುಮಾರ್ ಅವರೊಡನೆ ನಟಿಸಿದ ಜಯಂತಿ ಬಳ್ಳಾರಿಯಲ್ಲಿ ಹುಟ್ಟಿದವರು ಎಂಬುದನ್ನು ಊರಿನ ಹಿರಿಯರು ಈಗಲೂ ಅಭಿಮಾನದಿಂದ ಹೇಳುತ್ತಾರೆ.

ಈ ಪಟ್ಟಿಯನ್ನು ಕಂಡು ಕೆಲವರು ಆಕ್ಷೇಪವೆತ್ತುವುದುಂಟು. ರಂಗಾ ಅವರು ವಾಸಿಸಿದ್ದು ಮದರಾಸಿನಲ್ಲಿ, ಹೆಸರು ಗಳಿಸಿದ್ದು ತೆಲುಗಿನಲ್ಲಿ, ಕನ್ನಡದ ಚಿತ್ರಗಳೆಲ್ಲ ತೆಲುಗಿನ ಅಡುಗೆಯಲ್ಲಿ ಮಿಕ್ಕ ಪದಾರ್ಥಗಳಿಂದ ಮಾಡಿದವು. ಆದ್ದರಿಂದ ಕನ್ನಡಿಗರು ಅವರನ್ನು ಅಷ್ಟಾಗಿ ಕೊಂಡಾಡಬೇಕಿಲ್ಲ ಎಂಬುದು ಅವರ ವಾದದ ಸಾರ. ಬೆಂಗಳೂರಿನಲ್ಲಿ ಈ ಮಾತು ಆಡಿದರೆ ಆಡಲಿ. ಬಳ್ಳಾರಿಯಲ್ಲಿ, ಸಿರುಗುಪ್ಪದಲ್ಲಿ ಇದನ್ನು ಆಡುವವರು ತಮ್ಮ ಊರಿನ ಚರಿತ್ರೆಯನ್ನೇ ಓದಿಲ್ಲವೆಂದು ತಿಳಿಯಬೇಕು.

1953ರ ಅಕ್ಟೋಬರ್ 1ರವರೆಗೆ ಬಳ್ಳಾರಿ ಜಿಲ್ಲೆ ಮದರಾಸು ರಾಜ್ಯದಲ್ಲಿತ್ತು. ಅಂದು ಆಂಧ್ರ ರಾಜ್ಯ ಉದಯಿಸಿದಾಗ ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಅತ್ತ ಹೋದವು. ಬಳ್ಳಾರಿ, ಸಿರುಗುಪ್ಪ, ಹೊಸಪೇಟೆ ಮೊದಲಾದವು ಮೈಸೂರಿಗೆ ಸೇರಿದವು. ಅದಕ್ಕೆ ಮೊದಲು ಉನ್ನತ ನ್ಯಾಯಾಲಯಕ್ಕಾಗಲಿ, ವಿಶ್ವವಿದ್ಯಾಲಯದ ಪದವಿಗಾಗಲಿ ಈ ಸೀಮೆಯ ಜನ ಮುಖಮಾಡುತ್ತಿದ್ದದ್ದು ಮದರಾಸಿಗೆ. ಸಿನಿಮಾ ರೀಲುಗಳೂ ಅಲ್ಲಿಂದಲೇ ಬರತಕ್ಕವು. ಗಡಿರೇಖೆ ಬದಲಾದಷ್ಟು ಬೇಗ ಜನರ ಕಿವಿ ಬದಲಾಗುವುದಿಲ್ಲ. ಸಿರುಗುಪ್ಪದ ಸಂತೆಯಲ್ಲಿ ಕನ್ನಡದಲ್ಲಿ ಬೆಲೆ ಕೇಳಿ ತೆಲುಗಿನಲ್ಲಿ ಚೌಕಾಶಿ ಮಾಡುವವರಿಗೆ ಎರಡು ನುಡಿಗಳ ನಡುವೆ ಗೋಡೆಯುಂಟೆಂಬುದೇ ತೋರದು. ಈ ನಗರದ ರಂಗಕೀರ್ತಿಯಾದ ಬಳ್ಳಾರಿ ರಾಘವರು ತೆಲುಗು, ಕನ್ನಡ, ಇಂಗ್ಲಿಷು ಮೂರರಲ್ಲಿಯೂ ಅಭಿನಯಿಸಿದವರು; 1939ರ ‘ರೈತು ಬಿಡ್ಡ’ ಎಂಬ ತೆಲುಗು ಚಿತ್ರದಲ್ಲಿಯೂ ಕಾಣಿಸಿಕೊಂಡರು. ಅದಕ್ಕಾಗಿ ಅವರನ್ನು ಪರಕೀಯರೆಂದು ಬಗೆದವರಿಲ್ಲ. ಇನ್ನೂ ಹಿಂದಕ್ಕೆ ಹೋದರೆ, ‘ಆಮುಕ್ತಮಾಲ್ಯದ’ವನ್ನು ತೆಲುಗಿನಲ್ಲಿ ರಚಿಸಿದ ಕೃಷ್ಣದೇವರಾಯನೇ ತಿಮ್ಮಣ್ಣ ಕವಿಯಿಂದ ಕುಮಾರವ್ಯಾಸನ ಭಾರತದ ಉಳಿದ ಪರ್ವಗಳನ್ನು ಕನ್ನಡದಲ್ಲಿ ಪೂರ್ಣಗೊಳಿಸಿದನು. ಹಂಪೆಯ ನೆರಳಿನಲ್ಲಿ ಬಾಳುವವರಿಗೆ ಎರಡು ಭಾಷೆಯ ಕಲಾವಿದನೆಂದರೆ ಒಂದೂವರೆ ಪಾಲು ಅಧಿಕನೆಂದು ಅರ್ಥವಾಗಬೇಕೇ ಹೊರತು ಅರ್ಧ ಪಾಲು ನ್ಯೂನನೆಂದಲ್ಲ.

ದ್ವಿಭಾಷಾ ಚಿತ್ರದ ಪದ್ಧತಿಯನ್ನು ಇಲ್ಲಿ ಕೊಂಚ ವಿವರಿಸುವುದು ಯುಕ್ತ. ಒಂದು ಅರಮನೆಯ ರಂಗಸಜ್ಜಿಕೆಯನ್ನು ನಿಲ್ಲಿಸಲು ವಾರಗಟ್ಟಲೆ ಬೇಕು. ದೀಪಗಳನ್ನು ಹೊಂದಿಸಲು ಅರ್ಧ ದಿನ ಬೇಕು. ಅವೆಲ್ಲ ಸಿದ್ಧವಾದ ಮೇಲೆ ಒಂದು ಭಾಷೆಯ ನಟರು ಬಂದು ಅಭಿನಯಿಸಿ ಸರಿಯುತ್ತಾರೆ. ಅದೇ ಬೆಳಕಿನಲ್ಲಿ, ಅದೇ ಗುರುತಿನ ಮೇಲೆ, ಇನ್ನೊಂದು ಭಾಷೆಯ ನಟರು ನಿಲ್ಲುತ್ತಾರೆ. ಖರ್ಚು ಎರಡು ಪಾಲಾಗುತ್ತದೆ. ಅಂದಿನ ಕನ್ನಡ ಚಿತ್ರದ ಪೇಟೆ ಚಿಕ್ಕದು. ಕನ್ನಡವೊಂದನ್ನೇ ನಂಬಿ ದೊಡ್ಡ ಸಜ್ಜಿಕೆಯನ್ನು ಕಟ್ಟುವ ಧೈರ್ಯ ಯಾವ ನಿರ್ಮಾಪಕನಿಗೂ ಸುಲಭವಾಗಿ ಬರುವಂತಿರಲಿಲ್ಲ. ತೆಲುಗಿನ ಹೆಗಲೇರಿದ್ದರಿಂದಲೇ ಕನ್ನಡಕ್ಕೆ 1964ರಲ್ಲಿ ವರ್ಣ ದೊರೆಯಿತು ಎಂಬುದು ಲೆಕ್ಕಾಚಾರದ ಸತ್ಯ. ನಿರ್ಮಾಪಕನೇ ಛಾಯಾಗ್ರಾಹಕನೂ ಆಗಿದ್ದರೆ ಯಾವ ದೀಪಕ್ಕೆ ಎಷ್ಟು ಹಣ, ಯಾವ ನೋಟವನ್ನು ಎರಡು ಸಲ ತೆಗೆಯಬೇಕು, ಯಾವುದನ್ನು ಒಂದೇ ಸಲ ತೆಗೆದು ಎರಡಕ್ಕೂ ಬಳಸಬಹುದು ಎಂಬುದು ಅವನಿಗೆ ಕರತಲಾಮಲಕ. ರಂಗಾ ಅವರ ಬಲ ಇಲ್ಲಿತ್ತು.

1965ರ ‘ಚಂದ್ರಹಾಸ’ವನ್ನು ನೋಡಿ. ಕನ್ನಡದಲ್ಲಿಯೂ ತೆಲುಗಿನಲ್ಲಿಯೂ ಬಂದ ಈ ಚಿತ್ರದ ಕನ್ನಡ ಅವತರಣಿಕೆಯಲ್ಲಿ ರಾಜಕುಮಾರ್ ಅವರು ಚಂದ್ರಹಾಸ, ಉದಯಕುಮಾರ್ ಅವರು ದುಷ್ಟಬುದ್ಧಿ. ಲಕ್ಷ್ಮೀಶನ ಜೈಮಿನಿಭಾರತವನ್ನು ಗಮಕದಲ್ಲಿ ಕೇಳಿದವರಿಗೆಲ್ಲ ಪರಿಚಿತವಾದ ಕಥೆ. ಕುಂತಲ ದೇಶದ ಮಂತ್ರಿ ದುಷ್ಟಬುದ್ಧಿ ಬಾಲಕನಿಗೆ ವಿಷವನ್ನು ಕೊಡುವಂತೆ ಮಗನಿಗೆ ಓಲೆ ಬರೆದು ಕಳಿಸುತ್ತಾನೆ. ಉದ್ಯಾನದಲ್ಲಿ ಮಲಗಿದ್ದ ಚೆಲುವನನ್ನು ಕಂಡ ಮಂತ್ರಿಯ ಮಗಳು ವಿಷಯೆ ಆ ಓಲೆಯನ್ನು ಬಿಡಿಸಿ ಓದಿ ಒಂದೇ ಒಂದು ಅಕ್ಷರವನ್ನು ತಿದ್ದುತ್ತಾಳೆ. ವಿಷ ಹೋಗಿ ವಿಷಯೆ ಬರುತ್ತಾಳೆ, ಮರಣ ಹೋಗಿ ಮದುವೆ ಬರುತ್ತದೆ. ಶಾಸನಗಳಲ್ಲಿ ಕುಂತಲವೆಂಬ ಹೆಸರು ಈ ಬಳ್ಳಾರಿ ಸೀಮೆಯನ್ನೂ ಒಳಗೊಂಡ ನಾಡಿಗೆ ಸಂದಿರುವುದರಿಂದ ಇಲ್ಲಿಯ ಓದುಗರಿಗೆ ಕಥೆ ಇನ್ನಷ್ಟು ಹತ್ತಿರದ್ದು. ಕವಿಗೆ ಈ ಸನ್ನಿವೇಶ ಸುಲಭ, ಏಕೆಂದರೆ ಅವನ ಸಾಮಗ್ರಿಯೇ ಅಕ್ಷರ. ಚಿತ್ರಕಾರನಿಗೆ ಹಾಗಲ್ಲ. ಅವನು ಓಲೆಯನ್ನು ಸಮೀಪದಿಂದ ತೋರಿಸಬೇಕು, ತಿದ್ದುವ ಬೆರಳನ್ನು ತೋರಿಸಬೇಕು, ಓದಲು ಬಾರದ ಪ್ರೇಕ್ಷಕನಿಗೂ ಏನೋ ಮಹತ್ತಾದುದು ನಡೆಯಿತೆಂಬುದನ್ನು ಮುಖದ ಮೇಲಿನ ಬೆಳಕಿನಿಂದ ತಿಳಿಸಬೇಕು. ದ್ವಿಭಾಷಾ ಚಿತ್ರವಾದರೆ ಓಲೆಯನ್ನು ಎರಡು ಲಿಪಿಗಳಲ್ಲಿ ಬರೆಸಬೇಕು. ನಟರ ಅಭಿನಯಕ್ಕಿಂತ ಈ ಒಂದು ತುಣುಕಿನಲ್ಲಿಯೇ ಛಾಯಾಗ್ರಾಹಕ ನಿರ್ದೇಶಕನ ಪರೀಕ್ಷೆ.

ಗುಣಗಳನ್ನು ಹೇಳುವಾಗ ದೋಷವನ್ನು ಮುಚ್ಚಿಡಬೇಕಾಗಿಲ್ಲ. ರಂಗಾ ಅವರ ಪೌರಾಣಿಕ ಚಿತ್ರಗಳಲ್ಲಿ ನಾಟಕ ಕಂಪನಿಯ ನೆರಳು ದಟ್ಟವಾಗಿದೆ. ಪಾತ್ರಗಳು ಸಾಲಾಗಿ ನಿಂತು ಮಾತನಾಡುತ್ತವೆ. ಬೆಳಕು ಹೇಳಿ ಮುಗಿಸಿದ್ದನ್ನು ಸಂಭಾಷಣೆ ಮತ್ತೊಮ್ಮೆ ಹೇಳುತ್ತದೆ. ಕಣ್ಣಿನ ಮೇಲೆ ಅಷ್ಟೊಂದು ಅಧಿಕಾರವಿದ್ದವರು ಕಿವಿಯನ್ನು ಇಷ್ಟು ನಂಬಬೇಕಾಗಿರಲಿಲ್ಲ.

1956ರ ‘ತೆನಾಲಿ ರಾಮಕೃಷ್ಣ’ದಲ್ಲಿ ಈ ದೋಷ ಕಡಮೆ. ತೆಲುಗಿನಲ್ಲಿ ಅಕ್ಕಿನೇನಿ ನಾಗೇಶ್ವರರಾವ್ ರಾಮಕೃಷ್ಣನಾದರೆ ತಮಿಳಿನಲ್ಲಿ ಶಿವಾಜಿ ಗಣೇಶನ್. ಎರಡರಲ್ಲಿಯೂ ಕೃಷ್ಣದೇವರಾಯನ ಪಾತ್ರ ಎನ್. ಟಿ. ರಾಮರಾವ್ ಅವರದು. ಹಂಪೆಯ ಅರಸನ ಕಥೆ ತೆಲುಗು ತಮಿಳುಗಳಲ್ಲಿ ಬಂದು, ಹಂಪೆ ಇರುವ ನಾಡಿನ ಭಾಷೆಯಲ್ಲಿ ಬಾರದೆ ಹೋದದ್ದು ಆಗ ಒಂದು ಕೊರತೆಯೇ ಆಗಿತ್ತು. ಅದು ರಂಗಾ ಅವರ ಮನಸ್ಸಿನಲ್ಲಿಯೂ ಉಳಿದಿದ್ದಿರಬೇಕು. ಇಪ್ಪತ್ತಾರು ವರ್ಷಗಳ ಅನಂತರ, 1982ರಲ್ಲಿ, ಅವರು ಅದೇ ಕಥೆಯನ್ನು ‘ಹಾಸ್ಯರತ್ನ ರಾಮಕೃಷ್ಣ’ ಎಂಬ ಹೆಸರಿನಲ್ಲಿ ಅನಂತನಾಗ್ ಅವರನ್ನು ರಾಮಕೃಷ್ಣನಾಗಿಸಿ ಕನ್ನಡಕ್ಕೆ ತಂದರು. ಅರುವತ್ತೈದರ ವಯಸ್ಸಿನಲ್ಲಿ ಹಳೆಯ ಕಥೆಯನ್ನು ಹೊಸ ಭಾಷೆಗೆ ಮರಳಿ ಕಡೆದು ನಿಲ್ಲಿಸಿದವರನ್ನು ತೆಲುಗಿನವರೆಂದು ದೂರ ಸರಿಸುವುದು ಹೇಗೆ ಸಾಧು?

ಇನ್ನು ‘ಅಮರಶಿಲ್ಪಿ ಜಕಣಾಚಾರಿ’. ಕನ್ನಡದಲ್ಲಿ ಕಲ್ಯಾಣಕುಮಾರ್, ತೆಲುಗಿನಲ್ಲಿ ನಾಗೇಶ್ವರರಾವ್, ಎರಡರಲ್ಲಿಯೂ ನಾಯಿಕೆ ಬಿ. ಸರೋಜಾದೇವಿ, ಸಂಗೀತ ಎಸ್. ರಾಜೇಶ್ವರರಾವ್ ಅವರದು. ಕೈದಾಳದ ಶಿಲ್ಪಿ, ಅವನ ದೋಷವನ್ನು ತೋರಿಸಿಕೊಡುವ ಮಗ ಡಂಕಣ, ಕಲ್ಲಿನೊಳಗಿನ ಕಪ್ಪೆ ಇವೆಲ್ಲ ಜನರ ನಾಲಗೆಯ ಮೇಲಿರುವ ಐತಿಹ್ಯ. ಜಕಣಾಚಾರಿ ಎಂಬ ವ್ಯಕ್ತಿಯ ಇರವಿಗೆ ಶಾಸನಾಧಾರವಿಲ್ಲವೆಂದು ಚರಿತ್ರಕಾರರು ಹೇಳುತ್ತಾರೆ. 1117ರಲ್ಲಿ ವಿಷ್ಣುವರ್ಧನನು ಪ್ರತಿಷ್ಠೆ ಮಾಡಿಸಿದ ಬೇಲೂರಿನ ಗುಡಿಯಲ್ಲಿ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಮೊದಲಾದವರ ಹೆಸರುಗಳು ವಿಗ್ರಹಗಳ ಪಾದದಲ್ಲಿ ಕೆತ್ತಿರುವುದಂತೂ ಪ್ರತ್ಯಕ್ಷ. ಅಂಥವರನ್ನು ಶಾಸನಗಳು ರೂವಾರಿಗಳೆಂದು ಕರೆಯುತ್ತವೆ. ಸಂಸ್ಕೃತದ ರೂಪಕಾರಿ ಎಂಬುದರ ತದ್ಭವವಿದು. ರೂಪವನ್ನು ಮಾಡುವವನು ರೂವಾರಿ. ಆ ರೂವಾರಿಗಳು ತಮ್ಮ ಹೆಸರನ್ನು ತಾವೇ ಕಲ್ಲಿನಲ್ಲಿ ಕೊರೆದುಕೊಂಡ ಕಾರಣ ಒಂಬೈನೂರು ವರ್ಷಗಳಾದರೂ ಉಳಿದರು. ಬೆಳಕಿನಲ್ಲಿ ರೂಪ ಮಾಡುವವನಿಗೆ ಆ ಅನುಕೂಲವಿಲ್ಲ.

ಕಲ್ಲನ್ನು ಚಿತ್ರದಲ್ಲಿ ಹಿಡಿಯುವ ಕಷ್ಟವನ್ನು ಅರಿಯಬೇಕಾದರೆ ಬೇಲೂರಿಗೆ ಹೋಗಬೇಕಾದುದಿಲ್ಲ. ಬಳ್ಳಾರಿಯ ಪಕ್ಕದ ಕುರುಗೋಡಿಗೆ ಹೋದರೆ ಸಾಕು. ಸಿಂದರ ರಾಜಧಾನಿಯಾಗಿದ್ದ ಆ ಊರಿನ ಹನ್ನೆರಡನೆಯ ಶತಮಾನದ ಗುಡಿಗಳನ್ನೂ ಏಕಶಿಲೆಯ ದೊಡ್ಡ ಬಸವಣ್ಣನನ್ನೂ ವಿದ್ಯಾರ್ಥಿಗಳು ಕಂಡವರೇ. ನಡುಹಗಲಿನ ಬಿಸಿಲು ನೆತ್ತಿಯಿಂದ ಬೀಳುವಾಗ ಅಲ್ಲಿಯ ಗೋಡೆಗಳು ಚಪ್ಪಟೆಯಾಗಿ ತೋರುತ್ತವೆ, ಅರೆಗಂಬಗಳ ಅಂಚು ಮಾಸುತ್ತದೆ. ಬೆಳಗಿನ ಎಳೆಬಿಸಿಲು ಮಗ್ಗುಲಿನಿಂದ ತಾಕಿದೊಡನೆ ಅದೇ ಗೋಡೆಯಲ್ಲಿ ಉಬ್ಬುತಗ್ಗುಗಳು ಜೀವತಳೆಯುತ್ತವೆ. ಬೇಲೂರಿನದು ನುಣುಪಾದ ಬಳಪದ ಕಲ್ಲು, ಬೆಳಕನ್ನು ಹೀರಿ ಮೆಲ್ಲಗೆ ಬಿಡುತ್ತದೆ. ಬಳ್ಳಾರಿ ಸೀಮೆಯ ಬೆಟ್ಟಗಳದು ಕಣಕಣವಾಗಿ ಮಿನುಗುವ ಬಿರುಸು ಶಿಲೆ, ಬೆಳಕನ್ನು ಒಡೆದು ಚೆಲ್ಲುತ್ತದೆ. ಬೇಲೂರಿನ ಶಿಲ್ಪಿಯ ಕಥೆಯಲ್ಲಿ ಕಲ್ಲೂ ಒಂದು ಪಾತ್ರ. ಆ ಪಾತ್ರಕ್ಕೆ ಅಭಿನಯ ಕಲಿಸಬಲ್ಲವನು ಬೆಳಕನ್ನು ಅರಿತ ನಿರ್ದೇಶಕ ಮಾತ್ರ.

ಅದೂ ವರ್ಣದಲ್ಲಿ. ಅಂದಿನ ಈಸ್ಟ್‌ಮನ್ ವರ್ಣ ಫಿಲ್ಮಿನ ಗ್ರಹಣವೇಗ 50 ಅಂಕ. ಅದೇ ಕಾಲದ ವೇಗದ ಕಪ್ಪುಬಿಳುಪು ಫಿಲ್ಮು ದೀಪದ ಬೆಳಕಿನಲ್ಲಿ 200 ಅಂಕದ್ದು. ಎಂದರೆ ವರ್ಣಕ್ಕೆ ನಾಲ್ಕು ಪಟ್ಟು ಬೆಳಕು ಬೇಕು. ದೀಪ ಹೆಚ್ಚಿದಂತೆ ಸೆಕೆ ಹೆಚ್ಚು, ನಟರ ಮುಖದ ಬಣ್ಣ ಕರಗುವುದು ಹೆಚ್ಚು. ಫಿಲ್ಮು ವಿದೇಶದಿಂದ ಬರಬೇಕು, ಅದಕ್ಕೆ ಸರ್ಕಾರದ ಪರವಾನಗಿ ಬೇಕು. ಎರಡೂವರೆ ಗಂಟೆಯ ಚಿತ್ರವೆಂದರೆ 13,500 ಅಡಿ, ಅದರಲ್ಲಿ 2,16,000 ಬಿಡಿ ಚಿತ್ರಗಳು. ಹಾಳಾದ ಪ್ರತಿಯೊಂದು ಅಡಿಯೂ ಪರವಾನಗಿಯ ನಷ್ಟ. ಇಂಥ ಸಾಹಸವನ್ನು ಕನ್ನಡಕ್ಕಾಗಿ ಮೊದಲು ಕೈಗೊಂಡವರು ಹಣವಂತ ಸೇಠರಾಗಿರದೆ ಕ್ಯಾಮೆರಾ ಹಿಡಿದು ಬೆಳೆದವರಾಗಿದ್ದರೆಂಬುದು ಗಮನಾರ್ಹ. ಬೆಂಗಳೂರಿನಲ್ಲಿ ವರ್ಣ ಸಂಸ್ಕರಣಾಲಯವನ್ನು ತೆರೆದದ್ದು ಇದೇ ಅನುಭವದ ಮುಂದುವರಿಕೆ. ಛಾಯಾಗ್ರಾಹಕ ಎಷ್ಟೇ ನಿಪುಣನಾಗಿರಲಿ, ಅವನ ಚಿತ್ರ ಹುಟ್ಟುವುದು ಸಂಸ್ಕರಣಾಲಯದ ತೊಟ್ಟಿಯಲ್ಲಿ. ತೆಗೆದ ಫಿಲ್ಮನ್ನು ಪರವೂರಿಗೆ ಕಳಿಸಿ ದಿನಗಟ್ಟಲೆ ಕಾಯುತ್ತಿದ್ದ ಕನ್ನಡ ಚಿತ್ರೋದ್ಯಮಕ್ಕೆ ಆ ಸೌಕರ್ಯದ ಬೆಲೆ ಗೊತ್ತಿತ್ತು, ಪ್ರೇಕ್ಷಕರಿಗೆ ಗೊತ್ತಾಗಲಿಲ್ಲ.

ಈಗ ಉಳಿದಿರುವ ಚಿಂತೆ ಬೇರೊಂದು. ಆ ಕಾಲದ ವರ್ಣಪ್ರತಿಗಳಲ್ಲಿ ಬಣ್ಣಗಳು ಕಾಲಕ್ರಮದಲ್ಲಿ ಮಾಸುತ್ತವೆ. ಮೊದಲು ನೀಲಿ ಹಸಿರಿನ ಛಾಯೆ ಇಳಿಯುತ್ತದೆ, ಕಡೆಗೆ ಇಡೀ ಚಿತ್ರ ಕೆಂಬಣ್ಣಕ್ಕೆ ತಿರುಗುತ್ತದೆ. ಸೆಕೆ ಹೆಚ್ಚಿದಷ್ಟೂ ಬೇಗ. ಬಳ್ಳಾರಿಯ ಬೇಸಗೆಯನ್ನು ಕಂಡ ಪ್ರತಿಗಳ ಗತಿಯನ್ನು ಬೇರೆ ಹೇಳಬೇಕಿಲ್ಲ. ಪುಣೆಯ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯ ಸ್ಥಾಪನೆಯಾದದ್ದೂ 1964ರಲ್ಲಿಯೇ, ಜಕಣಾಚಾರಿ ತೆರೆಕಂಡ ವರ್ಷ. ಫಿಲ್ಮನ್ನು ಕಾಯುವುದು ಅಂಥ ಸಂಸ್ಥೆಗಳ ಕೆಲಸ. ಒಂದು ಶಾಲೆಯ ಕೈಲಾಗುವುದು ಬೇರೆಯಿದೆ.

ಸಿನಿಮಾ ಶಾಲೆಯ ಗೇಟಿನಾಚೆಯೇ ಇರಲಿ ಎನ್ನುವ ಅಧ್ಯಾಪಕರು ಇಂದಿಗೂ ಇದ್ದಾರೆ. ಅವರ ಭಯ ನಿರಾಧಾರವಲ್ಲ. ಆದರೆ ಜೈಮಿನಿಭಾರತವನ್ನು ಪಾಠವಾಗಿ ಹೇಳುವವರು ‘ಚಂದ್ರಹಾಸ’ದ ಓಲೆಯ ಸನ್ನಿವೇಶವನ್ನು ಒಮ್ಮೆ ತರಗತಿಯಲ್ಲಿ ತೋರಿಸಿ, ಕವಿ ಮಾಡಿದ್ದೇನು, ಚಿತ್ರಕಾರ ಮಾಡಿದ್ದೇನು ಎಂದು ಕೇಳಿದರೆ ಕಾವ್ಯಕ್ಕೆ ಕುಂದಿಲ್ಲ, ಲಕ್ಷ್ಮೀಶನ ಜಾಣ್ಮೆ ಬಾಲಕರಿಗೆ ಇನ್ನಷ್ಟು ತಿಳಿಯುತ್ತದೆ. ಕುರುಗೋಡಿಗೆ ಪ್ರವಾಸ ಹೊರಡುವವರು ನಡುಹಗಲಿನ ಬದಲು ಬೆಳಗಿನ ಜಾವ ಹೊರಡಬಹುದು.

ದಾನಿಗಳಲ್ಲಿ ಒಂದು ಬಿನ್ನಹವಿದೆ. ಕೊಠಡಿಗಳಿಗೆ, ಕೊಳವೆಬಾವಿಗೆ, ಗಣಕಯಂತ್ರಗಳಿಗೆ ಅವರು ಉದಾರವಾಗಿ ನೀಡಿದ್ದಾರೆ. ಗ್ರಂಥಾಲಯಕ್ಕೆ ಬೀಗವುಳ್ಳ ಒಂದು ಕಬ್ಬಿಣದ ಬೀರು ಇನ್ನೂ ಬೇಕು. ಟೂರಿಂಗ್ ಟಾಕೀಸುಗಳು ಜಾತ್ರೆಯ ಬಯಲಿನಲ್ಲಿ ಡೇರೆ ಹಾಕುತ್ತಿದ್ದ ಕಾಲದಲ್ಲಿ ಚಿತ್ರದ ಹಾಡುಗಳ ಚಿಕ್ಕ ಪುಸ್ತಕಗಳನ್ನು ಕೆಲವೇ ಕಾಸಿಗೆ ಮಾರುತ್ತಿದ್ದರು. ಹಳೆಯ ವಿದ್ಯಾರ್ಥಿಗಳ ಮನೆಗಳಲ್ಲಿ, ಸಿರುಗುಪ್ಪದ ಅಕ್ಕಿ ಗಿರಣಿಗಳ ಲೆಕ್ಕದ ಪೆಟ್ಟಿಗೆಗಳಲ್ಲಿ, ಕುರುಗೋಡಿನ ಅಟ್ಟಗಳ ಮೇಲೆ ಅಂಥವು ಇನ್ನೂ ಅಳಿದುಳಿದಿರಬಹುದು. ಗೋಡೆಗಂಟಿಸುವ ಪ್ರಕಟಣೆಗಳೂ ಟಿಕೀಟಿನ ತುಣುಕುಗಳೂ ಅವುಗಳೊಡನೆ ಇದ್ದಾವು. ಅವನ್ನು ಆ ಬೀರುವಿಗೆ ತಂದೊಪ್ಪಿಸಬೇಕು. ರೀಲು ತಿರುಗಿಸಿದ ಹಿರಿಯರು ಬದುಕಿರುವಾಗಲೇ ಅವರ ಮಾತನ್ನು ಒಂಬತ್ತನೆಯ ತರಗತಿಯ ಮಕ್ಕಳು ಬರೆದುಕೊಳ್ಳಬೇಕು. ಆ ಹಾಡಿನ ಪುಸ್ತಕಗಳ ಒಳಪುಟದಲ್ಲಿ ತಾರಾಗಣದ ಕೆಳಗೆ, ಕಥಾಸಾರಕ್ಕೆ ಮೊದಲು, ಸಣ್ಣ ಅಕ್ಷರದಲ್ಲಿ ತಂತ್ರಜ್ಞರ ಹೆಸರುಗಳಿರುತ್ತವೆ. ಮಕ್ಕಳು ಪಟ್ಟಿ ಮಾಡುವಾಗ ಛಾಯಾಗ್ರಾಹಕನ ಹೆಸರನ್ನು ಮೊದಲ ಅಂಕಣದಲ್ಲಿ ಬರೆಯಲಿ. ನಾಯಕನದು ಎರಡನೆಯದರಲ್ಲಿ ಬರಲಿ.